ಇಟಲಿಯ ಏಕೀಕರಣ: 1848ರಲ್ಲಿ ಸೋತದ್ದು 1860ರಲ್ಲಿ ಹೇಗೆ ಕೈಗೂಡಿತು?

ಮಂಡ್ಯ_ಮೇಷ್ಟ್ರು

ಪಿಯುಸಿ ಮಕ್ಕಳಿಗೆ ಇಟಲಿ ಏಕೀಕರಣದ ನೋಟ್ಸ್ ಮಾಡಬೇಕಿದೆ. ‘ಮ್ಯಾಝಿನಿ ಆತ್ಮ, ಕವೂರ್ ಮಿದುಳು, ಗ್ಯಾರಿಬಾಲ್ಡಿ ಖಡ್ಗ’ ಎನ್ನುವ ಸಾಲು ಎಲ್ಲರಿಗೂ ಬಾಯಿಗೆ ಬರುತ್ತದೆ. ಯಾವ ರಾಜ್ಯ ಯಾವಾಗ ಸೇರಿತು, ಯಾಕೆ ಸೇರಿತು ಎಂದರೆ ಉತ್ತರವಿಲ್ಲ. ತಿಳಿದವರು ಮೂರು ವಿಷಯ ಬಿಡಿಸಿ ಹೇಳಬೇಕು.

ಒಂದು, 1848ರಲ್ಲಿ ಇಟಲಿಯ ಉದ್ದಗಲಕ್ಕೂ ದಂಗೆಯೆದ್ದಿತ್ತು, ಆದರೂ ಸೋತಿತು. ಹನ್ನೆರಡು ವರ್ಷಕ್ಕೆ ಅದೇ ಕೆಲಸ ಹೇಗೆ ಕೈಗೂಡಿತು? ಎರಡು, ಜನಮತಗಣನೆ ನಡೆಯಿತು ಎನ್ನುತ್ತಾರೆ. ಓಟು ಹಾಕಿದವರು ಯಾರು, ಚೀಟಿಯಲ್ಲಿ ಏನಿತ್ತು? ಮೂರು, ಪೀಡ್‌ಮಾಂಟನ್ನು ನಮ್ಮ ಹಳೇ ಮೈಸೂರಿಗೆ ಹೋಲಿಸಿದರೆ ಮಕ್ಕಳ ತಲೆಗೆ ಬೇಗ ಹತ್ತುತ್ತದೆ. ಆ ಹೋಲಿಕೆ ನಿಲ್ಲುತ್ತದೆಯೇ?

ಕುಕ್ಕರಹಳ್ಳಿ_ದಂಡೆ

ಮೇಷ್ಟ್ರೇ, ಮೂರು ಹೆಸರುಗಳನ್ನು ಬದಿಗಿಟ್ಟು ಮೊದಲು 1815ರ ನಕ್ಷೆ ಬರೆಸಿ. ವಾಯವ್ಯದಲ್ಲಿ ಪೀಡ್‌ಮಾಂಟ್–ಸಾರ್ಡಿನಿಯಾ, ರಾಜಧಾನಿ ಟ್ಯೂರಿನ್. ಅದರ ಪೂರ್ವಕ್ಕೆ ಆಸ್ಟ್ರಿಯಾ ನೇರವಾಗಿ ಆಳುತ್ತಿದ್ದ ಲೊಂಬಾರ್ಡಿ–ವೆನಿಷಿಯಾ. ಕೆಳಗೆ ಪಾರ್ಮಾ, ಮೊಡೆನಾ, ಟಸ್ಕನಿ. ನಡುವೆ ಸೊಂಟಪಟ್ಟಿಯ ಹಾಗೆ ಪೋಪರ ರಾಜ್ಯ. ದಕ್ಷಿಣ ಪೂರ್ತಿ ನೇಪಲ್ಸಿನ ಬೂರ್ಬನ್ನರದು, ಸಿಸಿಲಿಯೂ ಸೇರಿ. ಮಕ್ಕಳು ಗಡಿಗಿಂತ ಹೆಚ್ಚಾಗಿ ಮನೆತನಗಳನ್ನು ಗಮನಿಸಬೇಕು. ಟಸ್ಕನಿ, ಮೊಡೆನಾ ದೊರೆಗಳು ಆಸ್ಟ್ರಿಯಾದ ಹ್ಯಾಬ್ಸ್‌ಬರ್ಗ್ ಬಳಗದವರೇ. ಎಲ್ಲಿ ದಂಗೆಯಾದರೂ ಆಸ್ಟ್ರಿಯಾದ ದಂಡು ಬಂದು ಅಡಗಿಸುತ್ತಿತ್ತು: 1821ರಲ್ಲಿ ನೇಪಲ್ಸ್, 1831ರಲ್ಲಿ ಮೊಡೆನಾ. ಆ ದಂಡನ್ನು ಪೊ ನದಿಯ ಬಯಲಿನಿಂದ ಎಬ್ಬಿಸುವವರು ಯಾರು ಎನ್ನುವುದೇ ಇಡೀ ಪಾಠದ ಕೀಲಿ.

1848ರ ಮಾರ್ಚ್ 18ರಿಂದ 22ರವರೆಗೆ ಐದು ದಿನ ಮಿಲಾನಿನ ಜನ ಬೀದಿಗಳಲ್ಲಿ ಅಡ್ಡಗಟ್ಟೆ ಹಾಕಿ ಕಾದಾಡಿ ಆಸ್ಟ್ರಿಯನ್ನರನ್ನು ಊರಿನಿಂದ ಹೊರಗಟ್ಟಿದರು. ಪೀಡ್‌ಮಾಂಟಿನ ದೊರೆ ಚಾರ್ಲ್ಸ್ ಆಲ್ಬರ್ಟ್ ಯುದ್ಧ ಸಾರಿದ. ಆಸ್ಟ್ರಿಯಾದ ಮುದಿ ಸೇನಾನಿ ರಾಡೆಟ್ಸ್ಕಿ ಬಯಲಿನಲ್ಲಿ ನಿಂತು ಸೆಣಸದೆ ವೆರೋನಾ, ಪೆಸ್ಕಿಯೆರಾ, ಮಾಂಟುವಾ, ಲೆನ್ಯಾಗೊ ಎಂಬ ನಾಲ್ಕು ಕೋಟೆಗಳ ನಡುವೆ ಸರಿದು ಕುಮ್ಮಕ್ಕು ಬರುವವರೆಗೆ ಕಾದ. ಈ ನಾಲ್ಕು ಹೆಸರನ್ನು ನಕ್ಷೆಯಲ್ಲಿ ಗುರುತು ಹಾಕಿಸಿ, ಮತ್ತೆ ಬೇಕಾಗುತ್ತವೆ. ಅಷ್ಟರಲ್ಲಿ ಪೋಪ್ ಒಂಬತ್ತನೇ ಪಯಸ್, ಕ್ಯಾಥೊಲಿಕ್ ಆಸ್ಟ್ರಿಯಾದ ಮೇಲೆ ಯುದ್ಧ ಮಾಡುವುದಿಲ್ಲವೆಂದು ಏಪ್ರಿಲ್ 29ರಂದು ಸಾರಿಬಿಟ್ಟರು. ಮೇ ತಿಂಗಳಲ್ಲಿ ನೇಪಲ್ಸಿನ ದೊರೆ ತನ್ನ ಸೈನ್ಯವನ್ನು ವಾಪಸ್ ಕರೆಸಿಕೊಂಡ. ಒಂಟಿಯಾದ ಪೀಡ್‌ಮಾಂಟ್ ಜುಲೈನಲ್ಲಿ ಕುಸ್ತೋಜಾದಲ್ಲಿ, ಮರುವರ್ಷ ಮಾರ್ಚ್ 23ರಂದು ನೊವಾರಾದಲ್ಲಿ ಸೋತಿತು. ದೊರೆ ಪಟ್ಟ ಬಿಟ್ಟು ಮಗ ಎರಡನೇ ವಿಕ್ಟರ್ ಇಮ್ಯಾನುಯೆಲನಿಗೆ ಒಪ್ಪಿಸಿದ. ಉಳಿದದ್ದು ಒಂದೇ, ಆದರೆ ದೊಡ್ಡದು: ಮಾರ್ಚ್ 1848ರ ಸಂವಿಧಾನವನ್ನು ಬೇರೆ ದೊರೆಗಳೆಲ್ಲ ಹರಿದುಹಾಕಿದರೂ ಪೀಡ್‌ಮಾಂಟ್ ಉಳಿಸಿಕೊಂಡಿತು. ಇತರ ರಾಜ್ಯಗಳಿಂದ ಓಡಿಬಂದ ದೇಶಪ್ರೇಮಿಗಳಿಗೆಲ್ಲ ಟ್ಯೂರಿನ್ ಆಸರೆಯಾಯಿತು.

1852ರಲ್ಲಿ ಪೀಡ್‌ಮಾಂಟಿನ ಪ್ರಧಾನಿಯಾದ ಕವೂರ್ ಈ ಸೋಲಿನಿಂದ ಕಲಿತ ಪಾಠ, ಹೊರಗಿನ ದೊಡ್ಡ ದಂಡಿಲ್ಲದೆ ಆಸ್ಟ್ರಿಯಾ ಕದಲುವುದಿಲ್ಲ ಎನ್ನುವುದು. 1855ರಲ್ಲಿ ಬ್ರಿಟನ್, ಫ್ರಾನ್ಸ್ ಜೊತೆ ಸೇರಿ ರಷ್ಯಾದ ವಿರುದ್ಧ ಕ್ರಿಮಿಯಾ ಯುದ್ಧಕ್ಕೆ ಪಡೆ ಕಳಿಸಿದ್ದು 1856ರ ಪ್ಯಾರಿಸ್ ಸಭೆಯಲ್ಲಿ ಕೂರಲು ಜಾಗ ಸಿಗಲೆಂದು. 1858ರ ಜುಲೈನಲ್ಲಿ ಪ್ಲೊಂಬಿಯೇರ್‌ನಲ್ಲಿ ಫ್ರಾನ್ಸಿನ ಚಕ್ರವರ್ತಿ ಮೂರನೇ ನೆಪೋಲಿಯನ್ ಜೊತೆ ಗುಟ್ಟಾಗಿ ಮಾತು ಮುಗಿಯಿತು: ಫ್ರಾನ್ಸಿನಿಂದ 2 ಲಕ್ಷ, ಇಟಲಿಯಿಂದ 1 ಲಕ್ಷ ಸೈನಿಕರು, ಪ್ರತಿಯಾಗಿ ಫ್ರಾನ್ಸಿಗೆ ಪೀಡ್‌ಮಾಂಟಿನ ಗಡಿಸೀಮೆ ಸವಾಯ್ ಮತ್ತು, ಕೊನೆಯ ಮಾತು ಬಾಕಿಯಿಟ್ಟು, ನೀಸ್. ಷರತ್ತು, ಜಗಳ ಆಸ್ಟ್ರಿಯಾದ ಕಡೆಯಿಂದಲೇ ಶುರುವಾಗಬೇಕು. ಇಲ್ಲಿ ಮಕ್ಕಳಿಗೆ ಒತ್ತಿ ಹೇಳಿ: ಆ ಒಪ್ಪಂದದಲ್ಲಿ ಒಂದೇ ಇಟಲಿ ಇರಲಿಲ್ಲ. ಉತ್ತರಕ್ಕೊಂದು, ಮಧ್ಯಕ್ಕೊಂದು, ರೋಮಿಗೊಂದು, ನೇಪಲ್ಸಿಗೊಂದು ರಾಜ್ಯವಿಟ್ಟು ಪೋಪರ ಹಿರಿತನದಲ್ಲಿ ಒಕ್ಕೂಟ ಮಾಡುವ ಯೋಜನೆ ಅದು.

1859ರ ಏಪ್ರಿಲ್ 23ರಂದು ಆಸ್ಟ್ರಿಯಾ ‘ಮೂರು ದಿನದಲ್ಲಿ ಶಸ್ತ್ರ ಇಳಿಸಿ’ ಎಂದು ಎಚ್ಚರಿಕೆ ಕೊಟ್ಟು ತಾನೇ ಬಲೆಗೆ ಬಿತ್ತು. ಫ್ರೆಂಚರು ಬಂದು ಸೇರುವವರೆಗೆ ಟ್ಯೂರಿನ್ ಉಳಿಯಬೇಕಿತ್ತು. ಪೀಡ್‌ಮಾಂಟಿನವರು ವೆರ್ಚೆಲ್ಲಿ ಸುತ್ತಿನ ನಾಲೆಗಳ ನೀರನ್ನು ಭತ್ತದ ಗದ್ದೆ ಬಯಲಿಗೆ ನುಗ್ಗಿಸಿ ಆಸ್ಟ್ರಿಯಾದ ದಂಡು ಕೆಸರಿನಲ್ಲಿ ನಿಧಾನವಾಗುವಂತೆ ಮಾಡಿದರು. ವಿಶ್ವೇಶ್ವರಯ್ಯ ನಾಲೆ ಕಂಡ ಮಂಡ್ಯದ ಮಕ್ಕಳಿಗೆ ಇದನ್ನು ವಿವರಿಸುವುದೇ ಬೇಡ, ತೂಬು ಎತ್ತಿದರೆ ಗದ್ದೆ ಬದುವಿನ ಮೇಲೆ ಫಿರಂಗಿ ಗಾಡಿ ಸಾಗುವುದಿಲ್ಲ. ಜೂನ್ 4ರಂದು ಮಜೆಂಟಾ, 24ರಂದು ಸೊಲ್ಫೆರಿನೊ, ಎರಡೂ ಗೆಲುವು. ಜುಲೈ 11ರಂದು ನೆಪೋಲಿಯನ್ ವಿಲ್ಲಾಫ್ರಾಂಕಾದಲ್ಲಿ ದಿಢೀರನೆ ಕದನ ನಿಲ್ಲಿಸಿದ. ಕಾರಣ: ಮುಂದೆ ಅದೇ ನಾಲ್ಕು ಕೋಟೆಗಳು, ಹಿಂದೆ ರೈನ್ ನದಿಯ ಕಡೆ ಪ್ರಷ್ಯಾದ ಸೇನೆ ಸಜ್ಜಾಗುತ್ತಿತ್ತು, ಜೊತೆಗೆ ಸೊಲ್ಫೆರಿನೊದ ಸಾವುನೋವು. ಲೊಂಬಾರ್ಡಿ ಮಾತ್ರ ಸಿಕ್ಕಿತು. ವೆನಿಷಿಯಾ ಆಸ್ಟ್ರಿಯಾದಲ್ಲೇ ಉಳಿಯಿತು. ಕವೂರ್ ಸಿಟ್ಟಿನಿಂದ ರಾಜೀನಾಮೆ ಕೊಟ್ಟ.

ಒಂಟಿಕೊಪ್ಪಲ್_ಓದುಗಿ

ಮೇಲಿನವರು ನಿಲ್ಲಿಸಿದ ಕಡೆಯಿಂದ ಜನಮತದ ವಿಷಯ.

1859ರ ಏಪ್ರಿಲ್ 27ರಂದೇ ಟಸ್ಕನಿಯ ದೊರೆ ಫ್ಲಾರೆನ್ಸ್ ಬಿಟ್ಟು ಹೊರಟುಹೋಗಿದ್ದ, ರಕ್ತ ಹರಿಯಲಿಲ್ಲ. ವಿಲ್ಲಾಫ್ರಾಂಕಾದ ಪ್ರಕಾರ ಅವನು ಹಿಂತಿರುಗಬೇಕಿತ್ತು, ಆದರೆ ಬಲವಂತವಾಗಿ ಕೂರಿಸುವವರು ಯಾರೂ ಇರಲಿಲ್ಲ. ಬ್ರಿಟನ್ ಅದಕ್ಕೆ ವಿರೋಧ, ಫ್ರಾನ್ಸಿಗೆ ಮನಸ್ಸಿಲ್ಲ, ಆಸ್ಟ್ರಿಯಾಕ್ಕೆ ತ್ರಾಣವಿಲ್ಲ. ಟಸ್ಕನಿಯಲ್ಲಿ ರಿಕಾಸೊಲಿ, ಮೊಡೆನಾದಲ್ಲಿ ಫಾರಿನಿ ತಾತ್ಕಾಲಿಕ ಸರ್ಕಾರ ಹಿಡಿದು ಎಂಟು ತಿಂಗಳು ಪಟ್ಟು ಸಡಿಲಿಸಲಿಲ್ಲ. ನನ್ನ ದೃಷ್ಟಿಯಲ್ಲಿ ಏಕೀಕರಣದ ಅತ್ಯಂತ ಧೈರ್ಯದ ಘಟ್ಟ ಇದೇ, ಪಾಠಗಳಲ್ಲಿ ಇದಕ್ಕೆ ಅರ್ಧ ಸಾಲೂ ಸಿಗುವುದಿಲ್ಲ. 1860ರ ಜನವರಿಯಲ್ಲಿ ಕವೂರ್ ಮರಳಿ ಬಂದು, ಸವಾಯ್ ಮತ್ತು ನೀಸ್ ಕೊಡುತ್ತೇನೆಂದು ಈ ರಾಜ್ಯಗಳ ಸೇರ್ಪಡೆಗೆ ನೆಪೋಲಿಯನ್ನನ ಒಪ್ಪಿಗೆ ಪಡೆದ.

ಮಾರ್ಚ್ 11 ಮತ್ತು 12ರಂದು ಮತದಾನ. 21 ದಾಟಿದ ಗಂಡಸರಿಗೆಲ್ಲ ಓಟು. ಚೀಟಿಯಲ್ಲಿ ಎರಡೇ ಆಯ್ಕೆ: ವಿಕ್ಟರ್ ಇಮ್ಯಾನುಯೆಲನ ರಾಜ್ಯಕ್ಕೆ ಸೇರ್ಪಡೆ, ಇಲ್ಲವೇ ಪ್ರತ್ಯೇಕ ರಾಜ್ಯ. ಹಳೇ ದೊರೆ ಮರಳಲಿ ಎನ್ನುವ ಆಯ್ಕೆಯೇ ಇರಲಿಲ್ಲ. ಟಸ್ಕನಿಯಲ್ಲಿ ಸೇರ್ಪಡೆಗೆ 3,66,571, ಪ್ರತ್ಯೇಕಕ್ಕೆ 14,925. ಪಾರ್ಮಾ, ಮೊಡೆನಾ ಮತ್ತು ಪೋಪರ ಉತ್ತರ ಜಿಲ್ಲೆಗಳು ಸೇರಿದ ಎಮಿಲಿಯಾದಲ್ಲಿ 4,26,006ಕ್ಕೆ ಎದುರಾಗಿ ಬರೀ 756.

ಗ್ಯಾರಿಬಾಲ್ಡಿ ದಕ್ಷಿಣ ಗೆದ್ದ ಮೇಲೆ ಅಕ್ಟೋಬರ್ 21ರಂದು ನೇಪಲ್ಸಿನಲ್ಲಿ ಮತದಾನ ನಡೆದ ರೀತಿ ಮಕ್ಕಳಿಗೆ ಹೇಳಲೇಬೇಕು. ಮೂರು ಪೆಟ್ಟಿಗೆ. ಒಂದರಲ್ಲಿ ‘ಹೌದು’ ಚೀಟಿ, ಇನ್ನೊಂದರಲ್ಲಿ ‘ಇಲ್ಲ’ ಚೀಟಿ, ನಡುವೆ ಖಾಲಿ ಪೆಟ್ಟಿಗೆ. ಎಲ್ಲರ ಕಣ್ಣೆದುರು ಒಂದರಿಂದ ಚೀಟಿ ಎತ್ತಿ ನಡುವಿನದಕ್ಕೆ ಹಾಕಬೇಕು. ‘ಇಲ್ಲ’ದ ಕಡೆ ಕೈ ಚಾಚಿದವನನ್ನು ಊರೇ ನೋಡುತ್ತದೆ. ಫಲಿತಾಂಶ 13,02,064ಕ್ಕೆ 10,312. ಸಿಸಿಲಿಯಲ್ಲಿ 4,32,053ಕ್ಕೆ 667. ಜನರಿಗೆ ಹಳೇ ದೊರೆ ಬೇಡವಾಗಿದ್ದ ಎನ್ನುವುದಕ್ಕೆ ಬೇರೆ ಸಾಕ್ಷಿ ಬೇಕಾದಷ್ಟಿದೆ, ಆದರೆ ಈ ಅಂಕಿಯನ್ನೇ ಜನಾಭಿಪ್ರಾಯದ ಅಳತೆಗೋಲು ಎನ್ನಬೇಡಿ.

ಇನ್ನೊಂದು: ಸೇರ್ಪಡೆಗೆ ಎಲ್ಲ ಗಂಡಸರ ಓಟು ಬೇಕಾಯಿತು, ಆಳಲು ಬೇಕಾಗಲಿಲ್ಲ. 1861ರ ಜನವರಿಯ ಪಾರ್ಲಿಮೆಂಟ್ ಚುನಾವಣೆಯಲ್ಲಿ 25 ವರ್ಷ ತುಂಬಿ, ಓದುಬರಹ ಬಂದು, ಸಾಮಾನ್ಯವಾಗಿ ವರ್ಷಕ್ಕೆ 40 ಲೀರಾ ನೇರ ತೆರಿಗೆ ಕಟ್ಟುವವರಿಗೆ ಮಾತ್ರ ಓಟು. ಸುಮಾರು 2.2 ಕೋಟಿ ಜನರಲ್ಲಿ 4.2 ಲಕ್ಷ ಮತದಾರರು.

ಹಳೇ_ನಕ್ಷೆ

ದಕ್ಷಿಣವನ್ನು ಗೆದ್ದ ಬಗೆ ಬಿಟ್ಟುಹೋಗಿದೆ. ‘ಸಾವಿರ ಜನ ಹೋಗಿ ರಾಜ್ಯ ಗೆದ್ದರು’ ಎಂದಷ್ಟೇ ಬರೆಸಿದರೆ ಪವಾಡದ ಹಾಗಿರುತ್ತದೆ. 1860ರ ಮೇ 5ರ ರಾತ್ರಿ ಜಿನೋವಾ ಬಳಿಯ ಕ್ವಾರ್ಟೊದಿಂದ ಎರಡು ಉಗಿಹಡಗುಗಳಲ್ಲಿ ಗ್ಯಾರಿಬಾಲ್ಡಿಯ ಹಿಂದೆ ಸುಮಾರು 1,100 ಜನ ಸಿಸಿಲಿಗೆ ಹೊರಟರು. ಕೈಯಲ್ಲಿ ಹಳೇ ಬಂದೂಕುಗಳು. ಮದ್ದುಗುಂಡು ಸಾಲದೆ ಟಸ್ಕನಿಯ ತಲಮೋನೆಯಲ್ಲಿ ಇಳಿದು ಸೇನೆಯ ಉಗ್ರಾಣದಿಂದ ಪಡೆದರು. 11ರಂದು ಸಿಸಿಲಿಯ ಮಾರ್ಸಾಲಾ ಸೇರಿದಾಗ ಬಂದರಿನಲ್ಲಿ ಬ್ರಿಟಿಷ್ ಯುದ್ಧನೌಕೆಗಳಿದ್ದವು. ಬೂರ್ಬನ್ ಹಡಗುಗಳು ಗುಂಡು ಹಾರಿಸಲು ಅಳುಕಿದ ಹೊತ್ತಿನಲ್ಲಿ ಇವರು ದಡ ಸೇರಿದರು. ಅದಕ್ಕಿಂತ ದೊಡ್ಡ ಕಾರಣ, ಏಪ್ರಿಲ್‌ನಿಂದಲೇ ಸಿಸಿಲಿಯ ಹಳ್ಳಿಗಳು ದಂಗೆಯೆದ್ದಿದ್ದವು. ಗ್ಯಾರಿಬಾಲ್ಡಿ ಮೇ 17ರಂದೇ ಹಿಟ್ಟಿನ ತೆರಿಗೆ ರದ್ದು ಮಾಡಿದ, ಜೂನ್ 2ರಂದು ಹೋರಾಡಿದವರಿಗೆ ಊರೊಟ್ಟಿನ ಜಮೀನಿನಲ್ಲಿ ಪಾಲು ಕೊಡುವೆನೆಂದ. ರೈತರು ಅವನ ಹಿಂದೆ ಬಂದದ್ದು ‘ಇಟಲಿ’ ಎನ್ನುವ ಪದಕ್ಕಲ್ಲ, ಭೂಮಿಗೆ. ಆಗಸ್ಟ್‌ನಲ್ಲಿ ಬ್ರೊಂತೆಯ ರೈತರು ಜಮೀನಿಗಾಗಿ ಹಿಂಸೆಗಿಳಿದಾಗ ಅವನ ಸೇನಾನಿ ಬಿಕ್ಸಿಯೊ ಐವರನ್ನು ಗುಂಡಿಕ್ಕಿ ಕೊಲ್ಲಿಸಿದ. ಆ ಭರವಸೆ ಅಲ್ಲಿಗೇ ಮುರಿಯಿತು.

ಸೆಪ್ಟೆಂಬರ್ 7ರಂದು ಗ್ಯಾರಿಬಾಲ್ಡಿ ನೇಪಲ್ಸ್ ಸೇರಿದ. ಕವೂರನಿಗೆ ಆಗ ಹೆದರಿಕೆ: ಇವನು ರೋಮಿಗೆ ನುಗ್ಗಿದರೆ ಅಲ್ಲಿ ಪೋಪರ ಕಾವಲಿಗಿರುವ ಫ್ರೆಂಚ್ ಪಡೆ ಎದುರಾಗುತ್ತದೆ, ಮಾಡಿದ್ದೆಲ್ಲ ಹಾಳು. ಅದಕ್ಕೇ ದೊರೆಯ ಸೇನೆಯನ್ನು ರೋಮ್ ಬಿಟ್ಟು ಪೋಪರ ಪೂರ್ವ ಜಿಲ್ಲೆಗಳ ಮೂಲಕ ಇಳಿಸಿದ. 18ರಂದು ಕಾಸ್ತೆಲ್‌ಫಿದಾರ್ದೊದಲ್ಲಿ ಆ ಸೇನೆ ಪೋಪರ ದಂಡನ್ನು ಸೋಲಿಸಿತು, ಅಕ್ಟೋಬರ್ 26ರಂದು ತೆಯಾನೊ ಬಳಿ ಗ್ಯಾರಿಬಾಲ್ಡಿ–ದೊರೆ ಭೇಟಿ. ಗಣರಾಜ್ಯವಾದಿಯಾಗಿ ಬೆಳೆದವನು ಗೆದ್ದದ್ದನ್ನು ದೊರೆಗೆ ಒಪ್ಪಿಸಿ ಕಪ್ರೇರಾ ದ್ವೀಪಕ್ಕೆ ಹೊರಟುಹೋದ.

ಮೈಸೂರಿನ ಹೋಲಿಕೆ ಅರ್ಧ ಸರಿ. ಅಲ್ಲಿ ಪೀಡ್‌ಮಾಂಟ್ ಒಂದೊಂದನ್ನೇ ತನಗೆ ಸೇರಿಸಿಕೊಂಡಿತು, ಎಲ್ಲರೂ ಸೇರಿ ಹೊಸದೊಂದನ್ನು ಕಟ್ಟಲಿಲ್ಲ. ದೊರೆ ಇಟಲಿಗೆ ಮೊದಲಿಗನಾದರೂ ‘ಎರಡನೇ’ ವಿಕ್ಟರ್ ಇಮ್ಯಾನುಯೆಲ್ ಎಂದೇ ಉಳಿದ. ನಮ್ಮಲ್ಲೂ 1956ರ ನವೆಂಬರ್ 1ರಂದು ಹತ್ತು ಜಿಲ್ಲೆಗಳ ಮೈಸೂರು ಹತ್ತೊಂಬತ್ತು ಜಿಲ್ಲೆಗಳದ್ದಾದರೂ ಹೆಸರು ಮೈಸೂರೇ, 1973ರವರೆಗೆ. ಆದರೆ ಇಲ್ಲಿ ದಂಡೂ ಇಲ್ಲ, ಓಡಿಹೋದ ದೊರೆಯೂ ಇಲ್ಲ. ರಾಜ್ಯ ಪುನರ್ವಿಂಗಡಣಾ ಆಯೋಗದ ವರದಿಯ ಮೇಲೆ ಪಾರ್ಲಿಮೆಂಟು ಮಾಡಿದ ಕಾನೂನು. ಭಾಷೆ ಒಂದೇ ಎನ್ನುವುದು ನಮಗೆ ಏಕೀಕರಣದ ಕಾರಣ. ಇಟಲಿಯಲ್ಲಿ 1861ರಲ್ಲಿ ನಾಲ್ವರಲ್ಲಿ ಮೂವರಿಗೆ ಓದುಬರಹವಿರಲಿಲ್ಲ, ಮನೆಮಾತು ಊರೂರಿಗೆ ಬೇರೆ.

ಹೋಲಿಕೆ ನಿಜವಾಗಿ ಉಪಯೋಗಕ್ಕೆ ಬರುವುದು ಸೇರಿದ ಮೇಲಿನ ಹೊಲಿಗೆಯ ಕೆಲಸಕ್ಕೆ. ಕೊಳ್ಳೇಗಾಲ ಮದ್ರಾಸಿನ ಕೊಯಮತ್ತೂರು ಜಿಲ್ಲೆಯಿಂದ, ಧಾರವಾಡ ಬೊಂಬಾಯಿಯಿಂದ, ರಾಯಚೂರು ಹೈದರಾಬಾದಿನಿಂದ ಬಂದಾಗ ಕಂದಾಯದ ಕಾನೂನು ಒಂದೊಂದು ಕಡೆ ಒಂದೊಂದು. ಇಡೀ ರಾಜ್ಯಕ್ಕೆ ಒಂದು ಭೂಕಂದಾಯ ಕಾಯ್ದೆ ಬಂದದ್ದು 1964ರಲ್ಲಿ. ಇಟಲಿಯಲ್ಲಿ ಅವಸರ ಹೆಚ್ಚಾಯಿತು. 1862ರಲ್ಲಿ ಲೀರಾ ಬಂತು, ನೇಪಲ್ಸಿನ ಒಂದು ಡುಕಾಟಿಗೆ 4.25 ಲೀರಾ. ಪೀಡ್‌ಮಾಂಟಿನ ಕಡಿಮೆ ಸುಂಕವನ್ನು ರಾತ್ರೋರಾತ್ರಿ ದಕ್ಷಿಣಕ್ಕೂ ಹಾಕಿದರು, ಸುಂಕದ ಆಸರೆಯಲ್ಲಿದ್ದ ಕಾರ್ಖಾನೆಗಳು ನೆಲಕಚ್ಚಿದವು. ಎಲ್ಲ ರಾಜ್ಯಗಳ ಸಾಲವನ್ನೂ ಒಂದು ಮಾಡಿದರು, ಅತಿ ಹೆಚ್ಚು ಸಾಲ ಪೀಡ್‌ಮಾಂಟಿನದೇ. ಕಡ್ಡಾಯ ಸೇನಾಭರ್ತಿ ಕಂಡರಿಯದ ಸಿಸಿಲಿಗೆ ಅದನ್ನೂ ಹೇರಿದರು. ದಕ್ಷಿಣದಲ್ಲಿ ಎದ್ದ ದಂಗೆಯನ್ನು ‘ದರೋಡೆಕೋರರ ಹಾವಳಿ’ ಎಂದು ಕರೆದು 1863ರಲ್ಲಿ ಸೇನಾ ನ್ಯಾಯಾಲಯಗಳಲ್ಲಿ ವಿಚಾರಣೆ ನಡೆಸುವ ಪೀಕಾ ಕಾಯ್ದೆ ತಂದರು, 1 ಲಕ್ಷಕ್ಕೂ ಹೆಚ್ಚು ಸೈನಿಕರು ಬೇಕಾದರು. ಗ್ಯಾರಿಬಾಲ್ಡಿ ರದ್ದು ಮಾಡಿದ್ದ ಹಿಟ್ಟಿನ ತೆರಿಗೆ 1869ರ ಜನವರಿ 1ರಂದು ಇಡೀ ಇಟಲಿಗೆ ವಾಪಸ್ ಬಂತು: ಗೋಧಿಗೆ ಕ್ವಿಂಟಲಿಗೆ 2 ಲೀರಾ, ಬೀಸುಕಲ್ಲು ಎಷ್ಟು ಸುತ್ತು ತಿರುಗಿತೆಂದು ಎಣಿಸಲು ಗಿರಣಿಗೊಂದು ಮೀಟರ್. ಒಂದೇ ಒಂದು ಕಡೆ ಅವಸರ ನಿಂತಿತು. ಟಸ್ಕನಿ ಮರಣದಂಡನೆ ರದ್ದು ಮಾಡಿತ್ತು, ಅದನ್ನು ಬಿಡಲು ಒಪ್ಪಲಿಲ್ಲ. ಇಡೀ ದೇಶಕ್ಕೊಂದು ದಂಡಸಂಹಿತೆ ಬರಲು 1889 ಆಯಿತು, ಅದೂ ಮರಣದಂಡನೆಯನ್ನು ಕೈಬಿಟ್ಟೇ.

ಮಂಡ್ಯ_ಮೇಷ್ಟ್ರು

ಮೂವರಿಗೂ ಧನ್ಯವಾದ. ಇನ್ನೊಂದು ಗೊಂದಲ. ಏಕೀಕರಣ ಮುಗಿದದ್ದು ಎಂದು 1861 ಬರೆಸಲೇ, 1870 ಬರೆಸಲೇ, 1871 ಬರೆಸಲೇ?

ಕುಕ್ಕರಹಳ್ಳಿ_ದಂಡೆ

ರಾಜ್ಯ ಘೋಷಣೆ 1861ರ ಮಾರ್ಚ್ 17. ರೋಮ್ ಹಿಡಿದದ್ದು 1870ರ ಸೆಪ್ಟೆಂಬರ್ 20. ರಾಜಧಾನಿ ರೋಮಿಗೆ ಬಂದದ್ದು 1871. ಪ್ರಶ್ನೆ ಯಾವುದನ್ನು ಕೇಳುತ್ತದೋ ಅದನ್ನು ಬರೆಯಲಿ.

ನಡುವಿನ ಸೋಲುಗಳಿಗೂ ಅದೇ ಕೀಲಿ ಹಾಕಿ ನೋಡಿ. 1862ರಲ್ಲಿ ಗ್ಯಾರಿಬಾಲ್ಡಿ ರೋಮಿಗೆ ಹೊರಟಾಗ ಹೊರಗಿನ ಬೆಂಬಲವಿರಲಿಲ್ಲ, ಆಸ್ಪ್ರೊಮೊಂತೆಯಲ್ಲಿ ಇಟಲಿಯ ಸೇನೆಯೇ ಅವನ ಕಾಲಿಗೆ ಗುಂಡು ಹೊಡೆದು ತಡೆಯಿತು. 1867ರಲ್ಲಿ ಮೆಂತಾನಾದಲ್ಲಿ ಫ್ರೆಂಚರ ಹೊಸ ಶಾಸ್‌ಪೋ ಬಂದೂಕಿನ ಎದುರು ಸೋತ. 1866ರಲ್ಲಿ ಮಾತ್ರ ಇಟಲಿ ನೆಲದಲ್ಲಿ ಕುಸ್ತೋಜಾ, ಕಡಲಲ್ಲಿ ಲಿಸ್ಸಾ ಎರಡನ್ನೂ ಸೋತು ವೆನಿಷಿಯಾ ಪಡೆಯಿತು. ಯಾಕೆಂದರೆ ಜುಲೈ 3ರಂದು ಪ್ರಷ್ಯಾ ಕೋನಿಗ್‌ಗ್ರಾಟ್ಸ್‌ನಲ್ಲಿ ಆಸ್ಟ್ರಿಯಾವನ್ನು ಮುರಿದಿತ್ತು. 1870ರಲ್ಲಿ ಪ್ರಷ್ಯಾದೊಂದಿಗೆ ಯುದ್ಧ ಬಿದ್ದು ಫ್ರೆಂಚ್ ಪಡೆ ರೋಮ್ ಬಿಟ್ಟು ಹೋಯಿತು. ಸೆಡಾನಿನಲ್ಲಿ ನೆಪೋಲಿಯನ್ ಸೆರೆಸಿಕ್ಕ ಎರಡೂವರೆ ವಾರಕ್ಕೆ ಇಟಲಿಯ ಫಿರಂಗಿಗಳು ಪೋರ್ತಾ ಪಿಯಾ ಹೆಬ್ಬಾಗಿಲ ಬಳಿ ರೋಮಿನ ಗೋಡೆ ಒಡೆದವು.

ನಕ್ಷೆಗೆ ಐದು ಬಣ್ಣ ಸಾಕು: 1859ಕ್ಕೆ ಮೊದಲಿನ ಪೀಡ್‌ಮಾಂಟ್, ನಂತರ 1859ರ ಲೊಂಬಾರ್ಡಿ, 1860ರ ಮಧ್ಯ ಮತ್ತು ದಕ್ಷಿಣ, 1866ರ ವೆನಿಷಿಯಾ, 1870ರ ರೋಮ್. ಮಕ್ಕಳು ಹೆಚ್ಚಾಗಿ ತಪ್ಪುವುದು ಎರಡು ಕಡೆ. ಸವಾಯ್, ನೀಸ್ ಎರಡನ್ನೂ ಇಟಲಿಯೊಳಗೇ ಬಿಡುತ್ತಾರೆ, ಅವನ್ನು 1860ರಲ್ಲಿ ಫ್ರಾನ್ಸಿಗೆ ದಾಟಿಸಿ. ಟ್ರೆಂಟೊ, ಟ್ರಿಯೆಸ್ಟ್ 1866ರ ಬಣ್ಣದೊಳಗೆ ಬರಬಾರದು, ಅವು ಸಿಕ್ಕದ್ದು ಮೊದಲ ಮಹಾಯುದ್ಧದ ನಂತರ. ಮತ್ತೆ ಮಧ್ಯದಲ್ಲಿ, ಆಡ್ರಿಯಾಟಿಕ್ ಕಡಲಿನ ಹತ್ತಿರ, ಸ್ಯಾನ್ ಮರಿನೊಗೆ ಬಣ್ಣ ಹಚ್ಚದೆ ಒಂದು ಚುಕ್ಕೆ ಬಿಡಿ. ಅದು ಇವತ್ತಿಗೂ ಬೇರೆ ದೇಶ.