ಗೇಮ್ ಡೌನ್‌ಲೋಡ್ ಅರ್ಧದಲ್ಲೇ ನಿಲ್ಲುತ್ತದೆ, ಇಳಿದರೂ ತೆರೆಯುವುದಿಲ್ಲ. ನಾಲ್ಕು ಸಲ ಆಯಿತು, ಸಹಾಯ ಮಾಡಿ

ಮಲ್ಪೆಯಿಂದ, ಭಾನುವಾರ ರಾತ್ರಿ

ಎಲ್ಲರಿಗೂ ನಮಸ್ಕಾರ. ಒಂದು ವಾರದಿಂದ ಒಂದೇ ಗೇಮ್ ಇಳಿಸುತ್ತಾ ಕೂತಿದ್ದೇನೆ, ಇನ್ನೂ ಆಗಿಲ್ಲ. ಗೇಮ್ ಮಾರುವ ಸ್ಟೀಮ್ ಎನ್ನುವ ಆ್ಯಪ್‌ನಲ್ಲಿ ರೆಡ್ ಡೆಡ್ ರಿಡೆಂಪ್ಶನ್ 2 ತೆಗೆದುಕೊಂಡೆ. 150 ಜಿಬಿ ಜಾಗ ಬೇಕು ಅಂತ ಬರೆದಿದ್ದಾರೆ. ನನ್ನ ಹಾರ್ಡ್ ಡಿಸ್ಕಿನಲ್ಲಿ 400 ಜಿಬಿ ಖಾಲಿ ಉಂಟು.

ಮೊದಲ ಸಲ 83 ಪರ್ಸೆಂಟ್‌ಗೆ ಬಂದು "ಡಿಸ್ಕ್ ರೈಟ್ ಎರರ್" ಅಂತ ನಿಂತಿತು. ಎಲ್ಲ ಅಳಿಸಿ ಮತ್ತೆ ಹಾಕಿದೆ. 61ಕ್ಕೆ "ಕರಪ್ಟ್ ಅಪ್‌ಡೇಟ್ ಫೈಲ್ಸ್" (ಫೈಲ್ ಕೆಟ್ಟಿದೆ) ಅಂತ ಬಂತು. ಮೂರನೇ ಸಲ ಪೂರ್ತಿ ಇಳಿಯಿತು, ಆದರೆ ಗೇಮ್ ಶುರು ಮಾಡಿದ ಕೂಡಲೇ ತಾನಾಗಿ ಮುಚ್ಚಿಹೋಗುತ್ತದೆ. ನಾಲ್ಕನೇ ಸಲ ಮತ್ತೆ ಕರಪ್ಟ್. ಡೌನ್‌ಲೋಡ್ ಕ್ಯಾಶ್ ಕ್ಲಿಯರ್ ಮಾಡಿದೆ. ಡೌನ್‌ಲೋಡ್ ರೀಜನ್ ಬದಲಿಸಿದೆ. ಸ್ಟೀಮನ್ನೇ ತೆಗೆದು ಹೊಸದಾಗಿ ಹಾಕಿದೆ. ಏನೂ ಪ್ರಯೋಜನ ಆಗಲಿಲ್ಲ.

ಕಂಪ್ಯೂಟರಿಗೆ ಐದು ವರ್ಷ. 8 ಜಿಬಿಯ ಎರಡು ಮೆಮೊರಿ ಪಟ್ಟಿ, ಅಂದರೆ ರ‍್ಯಾಮ್, ವಿಂಡೋಸ್‌ಗೆ ಚಿಕ್ಕ ಎಸ್‌ಎಸ್‌ಡಿ, ಗೇಮ್‌ಗೆ 1 ಟಿಬಿ ಹಾರ್ಡ್ ಡಿಸ್ಕ್. ನೆಟ್ 100 ಎಂಬಿಪಿಎಸ್ ಫೈಬರ್. ಸ್ಟೀಮ್‌ನಲ್ಲಿ ಮಾತ್ರ 11, 12ಕ್ಕಿಂತ ಮೇಲೆ ಹೋಗುವುದೇ ಇಲ್ಲ. ನೆಟ್ಟೇ ಸರಿ ಇಲ್ವಾ? ಕಂಪನಿ ಬದಲಿಸಬೇಕಾ?

ಸುರತ್ಕಲ್‌ನಿಂದ, ಭಾನುವಾರ ರಾತ್ರಿ

ನೆಟ್ ಬದಲಿಸಬೇಡಿ, ನಿಮ್ಮ ಸ್ಪೀಡ್ ಸರಿಯಾಗಿಯೇ ಉಂಟು. ಪ್ಲಾನ್ ಹೇಳುವುದು ಮೆಗಾಬಿಟ್, ಸ್ಟೀಮ್ ತೋರಿಸುವುದು ಮೆಗಾಬೈಟ್. ಎಂಟು ಬಿಟ್ ಸೇರಿದರೆ ಒಂದು ಬೈಟ್. 100ನ್ನು 8ರಿಂದ ಭಾಗಿಸಿದರೆ 12.5. ನಿಮಗೆ ಸಿಗುತ್ತಿರುವುದೂ ಅಷ್ಟೇ ಅಲ್ವಾ? ನಿಮ್ಮ ಗೇಮ್ ಸುಮಾರು 120 ಜಿಬಿ ಇರಬಹುದು, ಅಷ್ಟು ಇಳಿಯಲು ಎರಡೂ ಮುಕ್ಕಾಲು ಗಂಟೆ ಹಿಡಿಯುತ್ತದೆ.

ವೈಫೈ ಇದ್ದರೆ ಒಮ್ಮೆ ಕೇಬಲ್ ಹಾಕಿ ನೋಡಿ. ನಮ್ಮದು ಹಳೆಯ ಕೆಂಪುಕಲ್ಲಿನ ಮನೆ. ರೂಟರ್ ಚಾವಡಿಯಲ್ಲಿ, ಕಂಪ್ಯೂಟರ್ ಒಳಗಿನ ಕೋಣೆಯಲ್ಲಿ. ನಡುವೆ ಎರಡು ಗೋಡೆ. 5 ಗಿಗಾಹರ್ಟ್ಸ್ ವೈಫೈ ಸಿಗ್ನಲ್ ಒಳಗೆ ಬರುವುದೇ ಇಲ್ಲ, ಡೌನ್‌ಲೋಡ್ ಪದೇ ಪದೇ ಸೊನ್ನೆಗೆ ಇಳಿಯುತ್ತಿತ್ತು. ಕೇಬಲ್ ಎಳೆದ ಮೇಲೆ ಆ ತೊಂದರೆ ಇಲ್ಲ.

ಮಣಿಪಾಲದಿಂದ, ಸೋಮವಾರ ಬೆಳಿಗ್ಗೆ

ಡಿಸ್ಕ್ ರೈಟ್ ಎರರ್ ಅಂದರೆ ಬಹಳ ಸಲ ಆಂಟಿವೈರಸ್ ಕೆಲಸ. ವಿಂಡೋಸ್ ಸೆಕ್ಯುರಿಟಿಯಲ್ಲಿ ಕಂಟ್ರೋಲ್ಡ್ ಫೋಲ್ಡರ್ ಆಕ್ಸೆಸ್ ಅಂತ ಒಂದು ಉಂಟು. ಅದು ಆನ್ ಇದ್ದರೆ ಗೊತ್ತಿಲ್ಲದ ಪ್ರೋಗ್ರಾಂಗಳನ್ನು ಕೆಲವು ಫೋಲ್ಡರ್‌ಗಳಿಗೆ ಬರೆಯಲು ಬಿಡುವುದಿಲ್ಲ. ಸ್ಟೀಮ್‌ಗೆ ಅಲ್ಲಿ ಅನುಮತಿ ಕೊಡಿ. ಬೇರೆ ಆಂಟಿವೈರಸ್ ಹಾಕಿದ್ದರೆ ಸ್ಟೀಮ್ ಫೋಲ್ಡರನ್ನು ಅದರ ಸ್ಕ್ಯಾನಿನಿಂದ ಹೊರಗಿಡಿ. ಡಿಸ್ಕಿನ ಫಾರ್ಮ್ಯಾಟ್ ಹಳೆಯ ಎಫ್‌ಎಟಿ32 ಅಲ್ಲ ತಾನೇ? ಅದರಲ್ಲಿ 4 ಜಿಬಿಗಿಂತ ದೊಡ್ಡ ಫೈಲ್ ಕೂರುವುದಿಲ್ಲ, ಎಷ್ಟೇ ಜಾಗ ಖಾಲಿ ಇರಲಿ.

ಮಲ್ಪೆಯಿಂದ, ಸೋಮವಾರ ರಾತ್ರಿ

ಇಬ್ಬರಿಗೂ ಥ್ಯಾಂಕ್ಸ್. ಬಿಟ್ ಬೈಟ್ ಲೆಕ್ಕ ನನಗೆ ಗೊತ್ತಿರಲಿಲ್ಲ. ಕೇಬಲ್ ಮೊದಲಿನಿಂದಲೂ ಉಂಟು. ಡಿಸ್ಕಿನ ಫಾರ್ಮ್ಯಾಟ್ ಎನ್‌ಟಿಎಫ್‌ಎಸ್, ಎಫ್‌ಎಟಿ32 ಅಲ್ಲ. ಕಂಟ್ರೋಲ್ಡ್ ಫೋಲ್ಡರ್ ಆಫ್ ಇತ್ತು, ಬೇರೆ ಆಂಟಿವೈರಸ್ ಇಲ್ಲ.

ಇನ್ನೊಂದು ವಿಷಯ. ಕಲ್ಯಾಣಪುರದ ಗೆಳೆಯನ ಹತ್ತಿರ ಇದೇ ಗೇಮ್ ಉಂಟು, ಅವನದು ಚೆನ್ನಾಗಿ ನಡೆಯುತ್ತದೆ. ಅವನ ಗೇಮ್ ಫೋಲ್ಡರನ್ನು ಎಕ್ಸ್‌ಟರ್ನಲ್ ಡಿಸ್ಕಿಗೆ ಹಾಕಿ ತಂದು ನನ್ನದಕ್ಕೆ ಕಾಪಿ ಮಾಡಿದೆ. ಫೈಲ್ ಸರಿ ಉಂಟಾ ಅಂತ ನೋಡಲು ಸ್ಟೀಮ್‌ನಲ್ಲಿ ವೆರಿಫೈ ಕೊಟ್ಟರೆ 9 ಫೈಲ್ ಸರಿ ಇಲ್ಲ ಅಂತ ಹೇಳಿತು. ಈಗ ಎಲ್ಲ ಅಳಿಸಿ ಐದನೇ ಸಲ ಡೌನ್‌ಲೋಡ್ ಹಾಕುವುದು ಅಂತ ಇದ್ದೇನೆ.

ಕದ್ರಿಯಿಂದ, ಸೋಮವಾರ ರಾತ್ರಿ

ದಯವಿಟ್ಟು ಅಳಿಸಬೇಡಿ ಮಾರಾಯ್ರೆ, ಸ್ವಲ್ಪ ನಿಲ್ಲಿ. ನೀವು ಈಗ ಹೇಳಿದ್ದರಲ್ಲೇ ದೊಡ್ಡ ಸುಳಿವು ಉಂಟು. ಗೆಳೆಯನ ಮನೆಯ ಫೈಲ್ ನಿಮ್ಮ ನೆಟ್ ಮೂಲಕ ಬಂದೇ ಇಲ್ಲ. ಆದರೂ ನಿಮ್ಮಲ್ಲಿ ಬಂದು ಕೆಟ್ಟಿತು. ಹಾಗಾಗಿ ನೆಟ್ಟನ್ನು ಬಿಟ್ಟುಬಿಡಿ.

ನೆಟ್ ಕೆಟ್ಟರೆ ಡೌನ್‌ಲೋಡ್ ನಿಧಾನ ಆಗುತ್ತದೆ ಅಥವಾ ನಿಲ್ಲುತ್ತದೆ. ಕರಪ್ಟ್ ಆಗುವುದು ತೀರಾ ಕಮ್ಮಿ. ಸ್ಟೀಮ್ ಗೇಮನ್ನು ಸುಮಾರು ಒಂದೊಂದು ಎಂಬಿಯ ತುಂಡು ಮಾಡಿ, ಒತ್ತಿ ಚಿಕ್ಕದಾಗಿಸಿ ಕಳಿಸುತ್ತದೆ. ಪ್ರತಿ ತುಂಡಿಗೂ ಒಂದು ಲೆಕ್ಕದ ಗುರುತು ಇರುತ್ತದೆ. ತುಂಡು ಬಂದ ಮೇಲೆ ಬಿಚ್ಚಿ ಗುರುತು ತಾಳೆ ನೋಡಿ, ಸರಿ ಇದ್ದರೆ ಮಾತ್ರ ಡಿಸ್ಕಿಗೆ ಬರೆಯುತ್ತದೆ. ದಾರಿಯಲ್ಲಿ ಹಾಳಾದ ತುಂಡು ಅಲ್ಲೇ ಸಿಕ್ಕಿಬೀಳುತ್ತದೆ, ಮತ್ತೆ ತರಿಸಿಕೊಳ್ಳುತ್ತದೆ. ಪದೇ ಪದೇ ಕರಪ್ಟ್ ಅಂದರೆ ತೊಂದರೆ ನಿಮ್ಮ ಪೆಟ್ಟಿಗೆಯ ಒಳಗೇ ಇರಬೇಕು. ರ‍್ಯಾಮ್, ಡಿಸ್ಕ್, ಡಿಸ್ಕಿನ ಕೇಬಲ್, ಹೆಚ್ಚಾಗಿ ಈ ಮೂರರಲ್ಲಿ ಒಂದು.

ಯಾವುದು ಅಂತ ಪತ್ತೆ ಮಾಡಲು ದುಡ್ಡು ಬೇಡ, ಪುರುಸೊತ್ತು ಬೇಕು. ಈಗಿರುವ ಫೋಲ್ಡರ್ ಹಾಗೇ ಇರಲಿ. ವೆರಿಫೈ ಕೊಡಿ, ಎಷ್ಟು ಫೈಲ್ ಕೆಟ್ಟಿದೆ ಅಂತ ಬರೆದಿಟ್ಟುಕೊಳ್ಳಿ. ಕೂಡಲೇ ಅದು ಮರಳಿ ಇಳಿಸಲು ಶುರು ಮಾಡುತ್ತದೆ, ಪಾಜ್ ಒತ್ತಿ ನಿಲ್ಲಿಸಿ. ಮತ್ತೆ ವೆರಿಫೈ ಕೊಡಿ. ಹೀಗೆ ಮೂರು ಸಲ.

ಮೂರು ಸಲವೂ ಒಂದೇ ಸಂಖ್ಯೆ ಬಂದರೆ ಫೈಲ್ ಡಿಸ್ಕಿನ ಮೇಲೆ ನಿಜವಾಗಿಯೂ ಕೆಟ್ಟು ಕೂತಿದೆ. ಪ್ರತಿ ಸಲ ಬೇರೆ ಸಂಖ್ಯೆ ಬಂದರೆ ಓದುವಾಗಲೇ ಎಲ್ಲೋ ತಪ್ಪುತ್ತಿದೆ. ಅದು ರ‍್ಯಾಮ್ ಅಥವಾ ಕೇಬಲ್. ಒಂದೆರಡು ಫೈಲ್ ಯಾವಾಗಲೂ ಸರಿ ಇಲ್ಲ ಅಂತ ಬಂದರೆ ಹೆದರಬೇಡಿ. ಕೆಲವು ಗೇಮ್‌ಗಳ ಸೆಟ್ಟಿಂಗ್ ಫೈಲ್ ನಿಮ್ಮ ಕಂಪ್ಯೂಟರಿನಲ್ಲೇ ಹುಟ್ಟುವಂಥದ್ದು, ಅದು ಮೂಲಕ್ಕೆ ಹೊಂದುವುದಿಲ್ಲ.

ಹಾಗೇ ಡಿಸ್ಕಿನ ಆರೋಗ್ಯ ತೋರಿಸುವ ಕ್ರಿಸ್ಟಲ್ ಡಿಸ್ಕ್ ಇನ್ಫೋ ಹಾಕಿ ಹಾರ್ಡ್ ಡಿಸ್ಕಿನ 05, ಸಿ5, ಸಿ7 ಈ ಮೂರು ಸಾಲು ಹೇಳಿ.

ಮಲ್ಪೆಯಿಂದ, ಮಂಗಳವಾರ ರಾತ್ರಿ

ಅಣ್ಣ, ಮೂರು ಸಲ ಮಾಡಿದೆ. ಮೊದಲು 14, ಆಮೇಲೆ 6, ಆಮೇಲೆ 11. 05ರಲ್ಲಿ ಸೊನ್ನೆ, ಸಿ5ರಲ್ಲಿ ಸೊನ್ನೆ, ಸಿ7ರಲ್ಲಿ 3. ಆ 3 ನೋಡಿ ಡಿಸ್ಕ್ ಹೋಯಿತು ಅಂತ ಹೆದರಿಕೆ ಆಯಿತು.

ಕದ್ರಿಯಿಂದ, ಮಂಗಳವಾರ ರಾತ್ರಿ

ಡಿಸ್ಕ್ ಹೋಗಿಲ್ಲ. 05 ಅಂದರೆ ಕೆಟ್ಟ ಜಾಗ ಬಿಟ್ಟು ಬೇರೆ ಜಾಗ ಕೊಟ್ಟ ಲೆಕ್ಕ. ಸಿ5 ಅಂದರೆ ಓದಲು ತಕರಾರು ಮಾಡುತ್ತಿರುವ ಜಾಗದ ಲೆಕ್ಕ. ಎರಡೂ ಸೊನ್ನೆ, ಸಂತೋಷ. ಸಿ7 ಡಿಸ್ಕಿನ ಕೇಬಲಿನಲ್ಲಿ ಆದ ತಪ್ಪಿನ ಲೆಕ್ಕ. ಅದು ಒಮ್ಮೆ ಏರಿದರೆ ಇಳಿಯುವುದಿಲ್ಲ, ಹಳೆಯದೂ ಇರಬಹುದು. ಈಗ ಏರುತ್ತಿದೆಯಾ ಎನ್ನುವುದಷ್ಟೇ ಮುಖ್ಯ. ಮತ್ತೊಮ್ಮೆ ವೆರಿಫೈ ಮಾಡಿ ನೋಡಿ. 3 ಇದ್ದದ್ದು 3ರಲ್ಲೇ ನಿಂತರೆ ಕೇಬಲನ್ನು ಸದ್ಯಕ್ಕೆ ಪಕ್ಕಕ್ಕಿಡಬಹುದು.

ಸಂಖ್ಯೆ ಹೀಗೆ ಕುಣಿಯುವುದು ನೋಡಿದರೆ ನನಗೆ ರ‍್ಯಾಮ್ ಮೇಲೆ ಸಂಶಯ. ಬ್ರೌಸರ್ ತೆರೆದು ವಿಡಿಯೋ ನೋಡುವಾಗ ರ‍್ಯಾಮಿನ ಕೆಟ್ಟ ಮೂಲೆಗೆ ಕೆಲಸ ಬೀಳದೆ ಹೋಗಬಹುದು, ಬಿದ್ದರೂ ನಮಗೆ ಗೊತ್ತಾಗುವುದಿಲ್ಲ. ಆದರೆ ಗೇಮ್ ಇಳಿಸುವಾಗ 120 ಜಿಬಿಯ ಪ್ರತಿ ತುಂಡೂ ರ‍್ಯಾಮ್ ಹಾದು ಹೋಗಲೇಬೇಕು. ಸಾವಿರಾರು ಫೋಟೋ ಕಾಪಿ ಮಾಡಿದರೂ ತಿಳಿಯದ ದೋಷ ಇಲ್ಲಿ ಹೊರಗೆ ಬರುತ್ತದೆ. ಗುರುತು ತಾಳೆ ನೋಡುವವರು ಇಲ್ಲಿ ಇದ್ದಾರೆ, ಅದಕ್ಕೆ.

ಒಂದು ಕೇಳುತ್ತೇನೆ. ಕಂಪ್ಯೂಟರ್ ಮಳೆಗಾಲದಲ್ಲಿ ಬಳಸುತ್ತಿದ್ದಿರಾ? ಎಲ್ಲಿ ಇಟ್ಟಿದ್ದೀರಿ?

ಮಲ್ಪೆಯಿಂದ, ಬುಧವಾರ ಬೆಳಿಗ್ಗೆ

ಸಿ7 ಮೂರರಲ್ಲೇ ಉಂಟು.

ಕಂಪ್ಯೂಟರ್ ಇರುವುದು ಪಡುವಣದ ಕಿಟಕಿ ಪಕ್ಕ. ಮನೆಯಿಂದ ಸಮುದ್ರದ ಸದ್ದು ಕೇಳುತ್ತದೆ. ಈ ಸಲ ಮಳೆಗಾಲದ ಆಟಿ ತಿಂಗಳಿಡೀ ಆನ್ ಮಾಡಿರಲಿಲ್ಲ, ಪರೀಕ್ಷೆ ಅಂತ ಹಾಸ್ಟೆಲ್‌ನಲ್ಲಿದ್ದೆ. ಅಷ್ಟಮಿಗೆ ಬಂದಾಗ ಶುರು ಮಾಡಿದ್ದು.

ಕದ್ರಿಯಿಂದ, ಬುಧವಾರ ಮಧ್ಯಾಹ್ನ

ಅದೇ ಇರಬೇಕು. ನಮ್ಮ ಕರಾವಳಿಯ ಗಾಳಿಯಲ್ಲಿ ನೀರೂ ಉಂಟು, ಉಪ್ಪೂ ಉಂಟು. ದಿನಾ ಓಡುವ ಕಂಪ್ಯೂಟರ್ ತನ್ನ ಬಿಸಿಗೆ ಒಣಗಿಕೊಳ್ಳುತ್ತದೆ. ಸುಮ್ನೆ ಬಿದ್ದಿದ್ದರೆ ಒಳಗೆ ಪಸೆ ಕೂರುತ್ತದೆ. ರ‍್ಯಾಮಿನ ಚಿನ್ನದ ಬಣ್ಣದ ಹಲ್ಲುಗಳ ಮೇಲೆ ತೆಳುವಾದ ಕಲೆ ಬರುತ್ತದೆ. ಪೂರ್ತಿ ಕೆಟ್ಟರೆ ಕಂಪ್ಯೂಟರ್ ಆನ್ ಆಗುವುದೇ ಇಲ್ಲ, ಗೊತ್ತಾಗಿಬಿಡುತ್ತದೆ. ಅರ್ಧಂಬರ್ಧ ತಾಗಿದರೆ ಹೀಗೆ ಆಗುತ್ತದೆ.

ಆದರೆ ಬಿಚ್ಚುವ ಮೊದಲು ಖಚಿತ ಮಾಡಿಕೊಳ್ಳಿ. ಕಂಪ್ಯೂಟರ್ ಶುರುವಾಗುವಾಗ ತೆರೆಯುವ ಬಯೋಸ್ ಸೆಟ್ಟಿಂಗ್‌ನಲ್ಲಿ ಎಕ್ಸ್‌ಎಂಪಿ (ಮೆಮೊರಿಯ ವೇಗ ಏರಿಸುವ ಆಯ್ಕೆ) ಆನ್ ಇದ್ದರೆ ಆಫ್ ಮಾಡಿ. ಮೆಮೊರಿ ಪರೀಕ್ಷಿಸುವ ಮೆಮ್‌ಟೆಸ್ಟ್86 ಪೆನ್‌ಡ್ರೈವ್‌ಗೆ ಹಾಕಿ ಅದರಿಂದ ಬೂಟ್ ಮಾಡಿ. ಉಚಿತದ್ದರಲ್ಲಿ ನಾಲ್ಕು ಸುತ್ತು ನಡೆಯುತ್ತದೆ, ಗಂಟೆಗಟ್ಟಲೆ ಬೇಕು, ರಾತ್ರಿ ಹಾಕಿ ಮಲಗಿ. ಯುಪಿಎಸ್ ಇಲ್ಲದಿದ್ದರೆ ಸಿಡಿಲಿನ ರಾತ್ರಿ ಬೇಡ. ಒಂದೇ ಒಂದು ತಪ್ಪು ಬಂದರೂ ಪರೀಕ್ಷೆ ಫೇಲ್ ಅಂತಲೇ ಲೆಕ್ಕ. "ಒಂದೇ ಅಲ್ವಾ" ಅಂತ ಬಿಡಬೇಡಿ.

ತಪ್ಪು ಬಂದರೆ ಹೀಗೆ ಮಾಡಿ. ಪ್ಲಗ್ ಕಿತ್ತು, ಪವರ್ ಬಟನ್ ಹತ್ತು ಸೆಕೆಂಡ್ ಒತ್ತಿ ಹಿಡಿಯಿರಿ, ಉಳಿದ ಕರೆಂಟ್ ಹೋಗಲಿ. ಪೆಟ್ಟಿಗೆಯ ಬರಿಯ ಕಬ್ಬಿಣ ಒಮ್ಮೆ ಮುಟ್ಟಿ. ರ‍್ಯಾಮ್ ತೆಗೆದು ಅಂಚಿನಲ್ಲಿ ಹಿಡಿಯಿರಿ, ಹಲ್ಲಿಗೆ ಬೆರಳು ತಾಗಿಸಬೇಡಿ. ಮಕ್ಕಳ ಪೆನ್ಸಿಲಿನ ಮೆತ್ತನೆಯ ಬಿಳಿ ರಬ್ಬರಿನಿಂದ ಹಗುರವಾಗಿ ಉಜ್ಜಿ. ಇಂಕು ಅಳಿಸುವ ಗಟ್ಟಿ ರಬ್ಬರ್ ಬೇಡವೇ ಬೇಡ, ಚಿನ್ನದ ಲೇಪವನ್ನೇ ಕೆರೆದುಬಿಡುತ್ತದೆ. ರಬ್ಬರಿನ ಪುಡಿಯನ್ನು ಮೆದು ಬ್ರಷ್‌ನಿಂದ ತೆಗೆಯಿರಿ. ಐಸೋಪ್ರೊಪೈಲ್ ಆಲ್ಕೋಹಾಲ್ ಸಿಕ್ಕಿದರೆ ಬಟ್ಟೆಯಲ್ಲಿ ಅದ್ದಿ ಒರೆಸಿ, ಒಣಗಲು ಬಿಡಿ. ಸ್ಲಾಟಿನ ಒಳಗೆ ಎಂತದ್ದನ್ನೂ ತುರುಕಬೇಡಿ. ಆಮೇಲೆ ಒಂದೇ ರ‍್ಯಾಮ್ ಹಾಕಿ ಪರೀಕ್ಷೆ, ಮತ್ತೆ ಅದೇ ಸ್ಲಾಟಿಗೆ ಇನ್ನೊಂದು ಹಾಕಿ ಪರೀಕ್ಷೆ. ಹಾಗೆ ಮಾಡಿದರೆ ತಪ್ಪು ರ‍್ಯಾಮಿನದ್ದಾ ಸ್ಲಾಟಿನದ್ದಾ ಅಂತ ತಿಳಿಯುತ್ತದೆ.

ಮಣಿಪಾಲದಿಂದ, ಬುಧವಾರ ಸಂಜೆ

ನಾನು ಆಂಟಿವೈರಸ್ ಅಂದುಕೊಂಡಿದ್ದೆ. ವೆರಿಫೈ ಸಂಖ್ಯೆಯ ಉಪಾಯ ನನಗೂ ಹೊಸದು, ಬರೆದಿಟ್ಟುಕೊಂಡೆ.

ಮಲ್ಪೆಯಿಂದ, ಶುಕ್ರವಾರ ರಾತ್ರಿ

ಅಣ್ಣ, ಸಿಕ್ಕಿತು! ಬುಧವಾರ ರಾತ್ರಿ ಪರೀಕ್ಷೆ ಹಾಕಿ ಮಲಗಿದ್ದೆ. ಬೆಳಿಗ್ಗೆ ನೋಡಿದರೆ ಎರಡನೇ ಸುತ್ತಿನಲ್ಲೇ ಕೆಂಪು ಅಕ್ಷರದಲ್ಲಿ 27 ತಪ್ಪು. ರ‍್ಯಾಮ್ ತೆಗೆದು ಕಿಟಕಿ ಬೆಳಕಿಗೆ ಹಿಡಿದೆ. ಒಂದು ಚೆನ್ನಾಗಿ ಹೊಳೆಯುತ್ತಿತ್ತು. ಇನ್ನೊಂದರ ಹಲ್ಲುಗಳ ಮೇಲೆ, ಎಡಗಡೆ ಮೂಲೆಯಲ್ಲಿ, ಚಹಾ ಚೆಲ್ಲಿ ಒಣಗಿದ ಹಾಗೆ ಮಂಕು ಕಲೆ. ತಮ್ಮನ ಕಂಪಾಸ್ ಬಾಕ್ಸಿನ ಬಿಳಿ ರಬ್ಬರ್ ತೆಗೆದು ನೀವು ಹೇಳಿದ ಹಾಗೆ ಉಜ್ಜಿದೆ. ಐದಾರು ಸಲ ಎಳೆದಾಗ ರಬ್ಬರ್ ಕಪ್ಪಾಯಿತು, ಹಲ್ಲು ಹಳದಿ ಆಯಿತು. ವಾಪಸ್ ಕೂರಿಸುವಾಗ ಎರಡೂ ಬದಿ ಟಕ್ ಅಂತ ಸದ್ದು ಬರುವ ತನಕ ಒತ್ತಿದೆ.

ಒಂದೊಂದಾಗಿ ಹಾಕಿ ಪರೀಕ್ಷೆ ಮಾಡಿದೆ, ಆಮೇಲೆ ಎರಡೂ ಒಟ್ಟಿಗೆ. ನಾಲ್ಕು ಸುತ್ತಿಗೂ ಸೊನ್ನೆ ತಪ್ಪು. ವೆರಿಫೈ ಕೊಟ್ಟೆ, 4 ಫೈಲ್. ಮತ್ತೆ ಕೊಟ್ಟೆ, 4. ಮೂರನೇ ಸಲವೂ 4. ಈ ಸಲ ಪಾಜ್ ಮಾಡಲಿಲ್ಲ, ಆ ನಾಲ್ಕನ್ನು ಅದೇ ಇಳಿಸಿಕೊಂಡಿತು. ಗೇಮ್ ತೆರೆಯಿತು. ಹಿಮದಲ್ಲಿ ಕುದುರೆ ಮೇಲೆ ಹೋಗುವುದನ್ನು ಒಂದು ಗಂಟೆ ಆಡಿದೆ.

ಸುರತ್ಕಲ್‌ನಿಂದ, ಶುಕ್ರವಾರ ರಾತ್ರಿ

ಹೊಸ ಡಿಸ್ಕೂ ಬೇಡ, ಹೊಸ ನೆಟ್ಟೂ ಬೇಡ. ಭಾರಿ ಖುಷಿ ಆಯಿತು.

ಕದ್ರಿಯಿಂದ, ಶುಕ್ರವಾರ ರಾತ್ರಿ

ನನಗೂ. ಆ ನಾಲ್ಕು ಫೈಲ್ ಕಾಪಿ ಮಾಡುವಾಗಲೇ ಕೆಟ್ಟು ಡಿಸ್ಕಿನಲ್ಲಿ ಕೂತಿದ್ದವು. ಉಳಿದವು ಓದುವಾಗ ಮಾತ್ರ ಕೆಟ್ಟ ಹಾಗೆ ಕಂಡವು. ಗೇಮ್ ಪೂರ್ತಿ ಅಳಿಸಿದ್ದರೆ ಇದು ತಿಳಿಯುತ್ತಲೇ ಇರಲಿಲ್ಲ.

ಎಕ್ಸ್‌ಎಂಪಿ ಬೇಕಿದ್ದರೆ ಈಗ ಆನ್ ಮಾಡಿ, ಆದರೆ ಆನ್ ಮಾಡಿ ಇನ್ನೊಂದು ರಾತ್ರಿ ಪರೀಕ್ಷೆ ಹಾಕಿ. ಕಂಪ್ಯೂಟರನ್ನು ಆ ಕಿಟಕಿಯಿಂದ ಒಳಗಡೆ ಗೋಡೆಗೆ ಸರಿಸಿ. ಮಳೆಗಾಲದಲ್ಲಿ ನೀವು ಇಲ್ಲದಿದ್ದರೂ ಮನೆಯವರು ಎರಡು ದಿನಕ್ಕೊಮ್ಮೆ ಅರ್ಧ ಗಂಟೆ ಆನ್ ಮಾಡಲಿ. ಕಲೆ ಮತ್ತೆ ಬಂದರೆ, ಲೇಪ ಸವೆದಿರಬಹುದು. ಆಗ ಆ ರ‍್ಯಾಮ್ ಬದಲಿಸುವುದೇ ಒಳ್ಳೆಯದು.

ಇನ್ನು ಗೇಮ್‌ಗಿಂತ ಮುಖ್ಯವಾದ್ದು. ಅಷ್ಟಮಿಯಿಂದ ಬುಧವಾರದ ತನಕ ಆ ಕಂಪ್ಯೂಟರಿಗೆ ಎಂತೆಲ್ಲ ಕಾಪಿ ಮಾಡಿದ್ದೀರಿ? ಅದೆಲ್ಲ ಅದೇ ಕೆಟ್ಟ ರ‍್ಯಾಮ್ ಮೂಲಕ ಹೋಗಿದೆ. ಗೇಮ್ ಫೈಲ್ ಹಾಳಾದರೆ ಸ್ಟೀಮ್ ಹೇಳುತ್ತದೆ. ನಿಮ್ಮ ಸ್ವಂತ ಫೈಲ್ ಹಾಳಾದರೆ ಹೇಳುವವರು ಇಲ್ಲ. ಇವತ್ತೇ ಒಂದೊಂದಾಗಿ ತೆರೆದು ನೋಡಿ. ಮೂಲ ಎಲ್ಲಿದೆಯೋ ಅದನ್ನು ಸದ್ಯ ಅಳಿಸಬೇಡಿ.

ಮಲ್ಪೆಯಿಂದ, ಶನಿವಾರ ಬೆಳಿಗ್ಗೆ

ನೀವು ಹೇಳಿದ್ದು ಎಷ್ಟು ಒಳ್ಳೆಯದಾಯಿತು. ಅಷ್ಟಮಿಯ ಮರುದಿನ, ವಿಟ್ಲಪಿಂಡಿಯಂದು ತಮ್ಮ ಮೊದಲ ಸಲ ಹುಲಿವೇಷ ಹಾಕಿದ್ದ. ಉಡುಪಿಯ ರಥಬೀದಿಯಲ್ಲಿ ತೆಗೆದ 212 ಫೋಟೋ ಈ ಕಂಪ್ಯೂಟರಿಗೆ ಹಾಕಿದ್ದೆ. ರಾತ್ರಿ ಕೂತು ಎಲ್ಲ ತೆರೆದೆ. ಏಳು ಫೋಟೋ ಕೆಟ್ಟಿದೆ. ಒಂದರಲ್ಲಿ ಅವನ ಬಣ್ಣ ಬಳಿದ ಮುಖ ಕಣ್ಣಿನ ತನಕ ಸರಿ ಇದೆ, ಅಲ್ಲಿಂದ ಕೆಳಗೆ ಬರೀ ಬೂದಿ ಬಣ್ಣದ ಪಟ್ಟಿ.

ಕ್ಯಾಮೆರಾ ಚಿಕ್ಕಪ್ಪನದು. ನಾಳೆ ಅವರಿಗೆ ಒಂದು ಪ್ರೋಗ್ರಾಂ ಉಂಟು, ಕಾರ್ಡ್ ಖಾಲಿ ಮಾಡುವವರಿದ್ದರು. ಬೆಳಿಗ್ಗೆ ಆರಕ್ಕೇ ಫೋನ್ ಮಾಡಿದೆ. ಇನ್ನೂ ಮಾಡಿಲ್ಲವಂತೆ. ಈಗ ಸ್ಕೂಟರ್ ತೆಗೆದು ಹೊರಟೆ.