ವಾಗ್ಗೇಯಕಾರರ ಟಿವಿ ಸರಣಿ: ರಾಗ ಗೊತ್ತಿಲ್ಲದವರನ್ನು 24 ನಿಮಿಷ ಕೂರಿಸುವುದು ಹೇಗೆ?

ಶ್ರುತಿಪೆಟ್ಟಿಗೆ: ಬೆಂಗಳೂರಿನ ಕೇಬಲ್ ವಾಹಿನಿಗೆ ವಾಗ್ಗೇಯಕಾರರ (ಸಾಹಿತ್ಯ, ಸಂಗೀತ ಎರಡನ್ನೂ ರಚಿಸಿದವರ) ಬಗ್ಗೆ ಆರು ಕಂತು. ಮೊದಲನೆಯದು ಮೈಸೂರು ವಾಸುದೇವಾಚಾರ್ಯರ (1865–1961) ಬಗ್ಗೆ. ಸದ್ಯ 14 ನಿಮಿಷ ಜೀವನಚರಿತ್ರೆ, ಕೊನೆಗೊಂದು ಕೃತಿ (ಹಾಡು). ಕೃತಿ ಬರುವಷ್ಟರಲ್ಲಿ ಜನ ಚಾನೆಲ್ ಬದಲಿಸಿರ್ತಾರೆ ಅನ್ನಿಸ್ತಿದೆ. ಸಲಹೆ ಕೊಡಿ.

ಪೆಟ್ಟುಹುಸಿ: ಸ್ಕ್ರಿಪ್ಟ್ ತಲೆಕೆಳಗು ಮಾಡಿ. ಪಟ್ಣಂ ಸುಬ್ರಹ್ಮಣ್ಯ ಅಯ್ಯರ್ ಶಿಷ್ಯರು, ಮೈಸೂರು ಆಸ್ಥಾನ ವಿದ್ವಾಂಸರು ಎಂಬುದಕ್ಕೆಲ್ಲ ನಾಲ್ಕು ನಿಮಿಷ ಧಾರಾಳ. ಅವರ ‘ಬ್ರೋಚೇವಾರೆವರುರಾ’ ಕೃತಿಯ ಪಲ್ಲವಿಯಿಂದಲೇ ಶುರು ಮಾಡಿ. ಅದರ ರಾಗ ಖಮಾಚ್ ಯಾವ ಮೇಳದ (ಮೂಲ ರಾಗದ) ಜನ್ಯ ಅನ್ನೋದು ಆಮೇಲೆ. ಮೊದಲು ಆದಿತಾಳ ಕೈಗೆ ಕೊಡಿ. ಪೆಟ್ಟು, ಕಿರುಬೆರಳು, ಉಂಗುರಬೆರಳು, ನಡುಬೆರಳು, ಪೆಟ್ಟು-ಹುಸಿ (ಅಂಗೈ ಮೇಲಕ್ಕೆ ತಿರುಗಿಸುವುದು), ಪೆಟ್ಟು-ಹುಸಿ. ಎಣಿಕೆಗೊಂದು ಸೆಕೆಂಡ್ ಇಟ್ಟರೆ ಆವರ್ತಕ್ಕೆ (ತಾಳದ ಒಂದು ಸುತ್ತಿಗೆ) 8 ಸೆಕೆಂಡ್. ಕ್ಯಾಮೆರಾ ಬದಲಿಸುವುದಾದರೆ ಮೊದಲ ಪೆಟ್ಟಿಗೇ ಬದಲಿಸಿ, ಇಲ್ಲದಿದ್ದರೆ ಮನೆಯಲ್ಲಿ ಎಣಿಸುತ್ತಿರುವವರ ಲೆಕ್ಕ ತಪ್ಪುತ್ತದೆ.

ಆಮೇಲೆ ಪಲ್ಲವಿಯ ಮೂರು ಸಂಗತಿಗಳನ್ನು (ಒಂದೇ ಸಾಲನ್ನು ಹಾಡುವ ಬೇರೆಬೇರೆ ಬಗೆಗಳನ್ನು) ಬಿಡಿಬಿಡಿಯಾಗಿ ಹಾಡಿಸಿ. ಮಾತು ಅದೇ, ನಡೆ ಬೇರೆ ಅನ್ನೋದು ಕೇಳಿಯೇ ಗೊತ್ತಾಗಬೇಕು. ಸಾಹಿತ್ಯ ತೆಲುಗು, ಕನ್ನಡ ಲಿಪಿಯಲ್ಲಿ ಸಾಲು, ಕೆಳಗೆ ಕನ್ನಡ ಅರ್ಥ, ಒಮ್ಮೆ ಮಾತ್ರ. ಪ್ರತಿ ಸಂಗತಿಗೂ ಹಾಕಿದರೆ ಜನ ಓದುತ್ತಾರೆ, ಕೇಳುವುದಿಲ್ಲ. ಚರಣದಲ್ಲಿ ‘ವಾಸುದೇವ’ ಅನ್ನೋ ಅಂಕಿತ (ರಚಿಸಿದವರ ಗುರುತಿನ ಹೆಸರು) ಬರುತ್ತೆ, ಹುಡುಕಿ ಅಂತ ಮೊದಲೇ ಹೇಳಿಡಿ.

ನಾಲ್ಕುತಂತಿ: ಪ್ರತಿ ಆವರ್ತಕ್ಕೂ ಕಟ್ ಮಾಡಿದರೆ ಯಾಂತ್ರಿಕವಾಗುತ್ತೆ, ಎರಡು ಮೂರಕ್ಕೊಂದು ಸಾಕು. ಗಮಕ (ಸ್ವರದ ಓಲಾಟ) ತೋರಿಸೋಕೆ ವೀಣೆ ಇಡಿ. ಒಂದೇ ಮೆಟ್ಟಿನ ಮೇಲೆ ತಂತಿ ಎಳೆದಾಗ ಸ್ವರ ಏರುವುದು ಕಣ್ಣಿಗೇ ಕಾಣುತ್ತೆ. ಕ್ಯಾಮೆರಾ ಎಡಗೈ ಮೇಲಿರಲಿ. ಬಲಗೈ ಮೀಟು ನೋಡೋಕೆ ಚೆಂದ, ಆದರೆ ಗಮಕ ಅಲ್ಲಿಲ್ಲ.

ಮಿಕ್ಸಿಂಗ್‌ಮೇಜು: ಧ್ವನಿಯಲ್ಲಿ ಎಡವುವವರೇ ಹೆಚ್ಚು. ನಾಯ್ಸ್ ರಿಡಕ್ಷನ್ ಹಾಕಿದರೆ ತಂಬೂರಿಯ ಬಿಡದ ನಾದವನ್ನೇ ಗದ್ದಲ ಅಂದುಕೊಂಡು ತೆಗೆದುಬಿಡುತ್ತೆ. ಗಾಯನದ ಟ್ರ್ಯಾಕಿಗೆ ಹಾಕಲೇಬೇಡಿ, ನಿರೂಪಕರ ಮಾತಿಗೆ ಮಾತ್ರ. ಮೃದಂಗಕ್ಕೆ ಎರಡು ಮೈಕ್. ಎಡಮುಖದ ಮಂದ್ರ ನಾದ ಟಿವಿಯ ಸಣ್ಣ ಸ್ಪೀಕರಿನಲ್ಲಿ ಹೂತುಹೋಗುತ್ತೆ, ಆದ್ದರಿಂದ ಮಿಕ್ಸನ್ನು ಸ್ಟುಡಿಯೋದಲ್ಲಷ್ಟೇ ಅಲ್ಲ, ಸಾಧಾರಣ ಟಿವಿಯಲ್ಲೂ ಕೇಳಿ.

ಹಳೇ ಫಿಲ್ಮ್ ತುಣುಕು ಸೇರಿಸುವುದಿದ್ದರೆ ಎಚ್ಚರ. ಸೆಕೆಂಡಿಗೆ 24 ಚೌಕಟ್ಟಿನದನ್ನು ಹಾಗೇ 25ಕ್ಕೆ ಓಡಿಸಿದರೆ ಶ್ರುತಿ ಸುಮಾರು ಮುಕ್ಕಾಲು ಸ್ವರಸ್ಥಾನ (ಹಾರ್ಮೋನಿಯಂನ ಪಕ್ಕಪಕ್ಕದ ಎರಡು ಮನೆಗಳ ಅಂತರದ ಮುಕ್ಕಾಲು) ಏರುತ್ತೆ. ಪಕ್ಕದಲ್ಲೇ ನಿಮ್ಮ ಗಾಯಕರು ಬಂದರೆ ಕಿವಿಗೆ ಹೊಡೆಯುತ್ತೆ.

ಶ್ರುತಿಪೆಟ್ಟಿಗೆ: ತಂಬೂರಿ ಯಾಕೆ ಕಳೆದುಹೋಗ್ತಿದೆ ಅಂತ ಈಗ ಗೊತ್ತಾಯ್ತು. ಎಡಿಟರ್‌ಗೆ ಹೇಳ್ತೀನಿ.