ಪರವಾನಗಿಯೋ ಪ್ರಮಾಣಪತ್ರವೋ? ತೆರವೋ ಎತ್ತಂಗಡಿಯೋ? ಬೀದಿ ವ್ಯಾಪಾರದ ಕೆಲವು ಪದಗಳು

ಎಲ್ರಿಗೂ ನಮಸ್ಕಾರ. ಸುಮ್ನಿರಲಾರ್ದೆ ಒಂದು ಕೆಲಸ ಒಪ್ಕೊಂಡು ಈಗ ಪದಗಳ ಹತ್ರ ಸಿಕ್ಕಾಕ್ಕೊಂಡಿದೀನಿ. ನಮ್ಮೂರ ಮಾರ್ಕೆಟ್ ರೋಡಲ್ಲಿ ಕೂತು ಮಾರೋರಿಗೆ 2014ರ ಬೀದಿ ವ್ಯಾಪಾರಿಗಳ ಕಾಯ್ದೆ ಏನು ಹೇಳುತ್ತೆ ಅಂತ ಎರಡು ಪುಟದ ಕರಪತ್ರ ಬರ್ಕೊಡಿ ಅಂದ್ರು, ಅದೇನ್ ಮಹಾ ಅಂತ ಹೂಂ ಅಂದ್ಬಿಟ್ಟೆ. ಮೊದಲನೇ ಸಾಲಲ್ಲೇ ಪೆನ್ನು ನಿಂತೋಯ್ತು.

ಈ ಕಾಯ್ದೆ ಪ್ರಕಾರ ವ್ಯಾಪಾರಿಗೆ ಕೊಡೋ ಕಾಗದದ ಹೆಸರು ‘ಸರ್ಟಿಫಿಕೇಟ್ ಆಫ್ ವೆಂಡಿಂಗ್’. ಪೇಪರ್ನೋರು ಇದನ್ನ ಸಲೀಸಾಗಿ ‘ಪರವಾನಗಿ’ ಅಂತ ಬರೀತಾರೆ, ಮಾರೋರು ‘ಲೈಸನ್ಸು’ ಅಂತಾರೆ. ನನಗ್ಯಾಕೋ ಎರಡೂ ಸರಿ ಅನ್ಸ್ತಿಲ್ಲ. ಪರವಾನಗಿ ಅಂದ್ರೆ ಅಪ್ಪಣೆ ತಾನೆ, ನಾವು ಹೋಗಿ ಕೇಳ್ಬೇಕು, ಅವರು ಮನಸ್ಸು ಮಾಡಿ ಕೊಡ್ಬೇಕು, ಕೊಡ್ಲಿಲ್ಲ ಅಂದ್ರೆ ಮಾರೋದೇ ತಪ್ಪು. ಆದ್ರೆ ಈ ಕಾಯ್ದೆ ಲೆಕ್ಕ ಉಲ್ಟಾ ಇದೆ. ಮೊದ್ಲು ಸರ್ವೇ ಮಾಡಿ ಈಗಾಗ್ಲೇ ಯಾರ್ಯಾರು ಎಲ್ಲೆಲ್ಲಿ ಮಾರ್ತಿದಾರೆ ಅಂತ ಬರ್ಕೋಬೇಕು, ಆಮೇಲೆ ಅಲ್ಲಿನ ಜನಸಂಖ್ಯೆಯ ಶೇ. 2.5ರ ಮಿತಿಯೊಳಗೆ ಅವರಿಗೆಲ್ಲ ಜಾಗ ಹೊಂದಿಸಿ ಕಾಗದ ಕೊಡ್ಬೇಕು, ಸರ್ವೇ ಮುಗಿದು ಎಲ್ರ ಕೈಗೂ ಕಾಗದ ಬರೋವರ್ಗೂ ಯಾರನ್ನೂ ಎಬ್ಬಿಸೋ ಹಂಗಿಲ್ಲ. ಅಂದ್ರೆ ಮನುಷ್ಯ ಮೊದ್ಲೇ ಅಲ್ಲಿ ಕೂತಿದಾನೆ, ಕಾಗದ ಅವನ ಹಿಂದೆ ಬರುತ್ತೆ. ಇದಕ್ಕೆ ಬುಡ ಹಾಕಿದ್ದು 1989ರ ಸೋದನ್ ಸಿಂಗ್ ಕೇಸು, ಫುಟ್‌ಪಾತಲ್ಲಿ ಮಾರೋದೂ ಸಂವಿಧಾನದ 19ನೇ ವಿಧಿ ಕೊಟ್ಟಿರೋ ಉದ್ಯೋಗದ ಹಕ್ಕಿನೊಳಗೇ ಬರುತ್ತೆ, ಬೇಕಾದ್ರೆ ನಿಯಮ ಮಾಡಿ ಅಂತ ಸುಪ್ರೀಂ ಕೋರ್ಟು ಹೇಳಿದ್ದು.

ಹಂಗಾದ್ರೆ ‘ವ್ಯಾಪಾರದ ಹಕ್ಕುಪತ್ರ’ ಅನ್ಲಾ ಅಂತ ಯೋಚ್ನೆ ಬಂತು, ಕೇಳೋಕೂ ಜೋರಾಗಿದೆ. ಆದ್ರೆ ನಮ್ಮ ಕಡೆ ಹಕ್ಕುಪತ್ರ ಅಂದ ತಕ್ಷಣ ಸೈಟು, ಮನೆ ಜಾಗ ನೆನಪಾಗುತ್ತೆ. ಕಾಯ್ದೆಯ 29ನೇ ಕಲಮು ನೋಡಿದ್ರೆ ಕೊಟ್ಟ ಜಾಗದ ಮೇಲೆ ಶಾಶ್ವತ ಹಕ್ಕೇನೂ ಹುಟ್ಟಲ್ಲ ಅಂತ ಇದೆ, ಜೊತೆಗೆ ಆ ಕಾಗದನ ಬಾಡಿಗೆಗೆ ಕೊಡೋದಾಗ್ಲಿ ಇನ್ನೊಬ್ಬರ ಹೆಸರಿಗೆ ಮಾಡೋದಾಗ್ಲಿ ಆಗಲ್ಲ, ವ್ಯಾಪಾರಿ ತೀರ್ಕೊಂಡ್ರೆ, ಶಾಶ್ವತ ಅಂಗವೈಕಲ್ಯ ಆದ್ರೆ ಇಲ್ಲಾ ಕಾಯಿಲೆ ಬಿದ್ರೆ ಮಾತ್ರ ಅವರ ಬದ್ಲು ಗಂಡ ಅಥವಾ ಹೆಂಡ್ತಿ, ಇಲ್ಲಾ ಅವಲಂಬಿತ ಮಗ ಅಥವಾ ಮಗಳು, ಆ ಕಾಗದದ ಅವಧಿ ಮುಗಿಯೋವರ್ಗೂ ಮಾರ್ಬೋದು. ನಾನು ಹಕ್ಕುಪತ್ರ ಅಂತ ಅಚ್ಚು ಹಾಕ್ಸಿ ನಾಳೆ ಯಾರಾದ್ರೂ ಅದನ್ನ ನಂಬಿ ಸಾಲ ಗೀಲ ಮಾಡ್ಕೊಂಡ್ರೆ? ಸದ್ಯಕ್ಕೆ ‘ವ್ಯಾಪಾರ ಪ್ರಮಾಣಪತ್ರ’ ಅಂತ ಬರ್ದಿದೀನಿ, ಆದ್ರೆ ಯಾರ ಬಾಯಲ್ಲೂ ಹೊರಳಲ್ಲ.

ಬಸ್‌ಸ್ಟ್ಯಾಂಡ್ ಹತ್ರ ಹೂ ಮಾರೋ ಅಜ್ಜಿನ ಕೇಳ್ದೆ, ಅಜ್ಜಿ ನಿಮ್ಮತ್ರ ಕಾಗದ ಏನಾದ್ರೂ ಇದ್ಯಾ ಅಂತ. ಹೂವಿನ ಬುಟ್ಟಿ ಅಡೀಲಿ ಮಡ್ಚಿಟ್ಟಿದ್ದ ಬಟ್ಟೆ ಅಂಗಡಿ ಕವರ್ ತೆಗೆದ್ರು. ಒಳಗೆ ಒಂದು ಗುರುತಿನ ಚೀಟಿ, ಬೀದಿ ವ್ಯಾಪಾರಿಗಳಿಗೆ ಅಂತಲೇ ಇರೋ ಕೇಂದ್ರದ ಸ್ವನಿಧಿ ಯೋಜನೆಯ ಹತ್ತು ಸಾವಿರ ಸಾಲದ ಕಾಗದ, ಆಮೇಲೆ ರಬ್ಬರ್‌ಬ್ಯಾಂಡ್ ಹಾಕಿದ ಸುಂಕದ ಚೀಟಿ ಕಟ್ಟು, ಕೆಲವು ನೀರು ಬಿದ್ದು ಅಕ್ಷರಾನೇ ಅಳಿಸೋಗಿದೆ. ‘ಇದೇ ನೋಡಪ್ಪ ನಮ್ ಲೈಸನ್ಸು’ ಅಂತ ತೋರ್ಸಿದ್ದು ಗುರುತಿನ ಚೀಟಿ ಅಲ್ಲ, ಆ ಸುಂಕದ ಕಟ್ಟು! ದಿನಾ ದುಡ್ಡು ಇಸ್ಕೊಂಡು ಚೀಟಿ ಹರ್ದು ಕೊಟ್ಟೋರು ನೀನ್ಯಾರು ಅಂತ ಹೆಂಗೆ ಕೇಳ್ತಾರೆ ಅನ್ನೋದು ಅವರ ವಾದ. (ಚೀಟಿ ಇಲ್ದೆ ಇಸ್ಕೊಳ್ಳೋದಕ್ಕೆ ಬೇರೆ ಪದ ಇದೆ, ‘ಮಾಮೂಲಿ’. ಎಂದಿನಂತೆ ನಡೆಯೋದು ಅನ್ನೋ ಅರ್ಥದ ಪದಾನೇ ಲಂಚದ ಹೆಸರೂ ಆಗಿ ಕೂತಿದೆ, ಇದರ ಮೇಲೆ ಇನ್ನೊಂದ್ಸಲ ಬರೀತೀನಿ.)

ಇನ್ನೊಂದು ತಲೆನೋವು ‘ತೆರವು’. ಬೀದಿ ವ್ಯಾಪಾರಿಗಳ ತೆರವು ಅಂತ ವಾರಕ್ಕೊಂದ್ಸಲ ಓದ್ತೀವಿ. ತೆರವು ಮಾಡೋದು ಒತ್ತುವರಿನ, ಬಿದ್ದ ಮರನ, ಕಸನ. ಮನುಷ್ಯರಿಗೆ ಆ ಪದ ಹಾಕಿದ್ರೆ ಅವರೇ ಒತ್ತುವರಿ ಅಂತ ಮೊದ್ಲೇ ತೀರ್ಪು ಕೊಟ್ಟಂಗೆ ಅಲ್ವಾ. ‘ಒಕ್ಕಲೆಬ್ಬಿಸು’ ಅಂದ್ರೆ ಅಲ್ಲಿ ಒಂದು ಒಕ್ಕಲು ಇತ್ತು ಅಂತಾದ್ರೂ ಆಗುತ್ತೆ, ಆದ್ರೆ ಗದ್ದೆ ಮನೆಗೆ ಹೊಂದೋ ಪದ ಗೋಣಿಚೀಲದ ಅಂಗಡಿಗೆ ಹೊಂದುತ್ತಾ? ಕಾಯ್ದೆ ಬೇರೆ ಜಾಗಕ್ಕೆ ಕಳ್ಸೋದನ್ನ, ಪೂರ್ತಿ ಎಬ್ಬಿಸೋದನ್ನ ಎರಡು ಬೇರೆ ಪದದಲ್ಲಿ ಹೇಳುತ್ತೆ, ಎರಡಕ್ಕೂ 30 ದಿನದ ನೋಟಿಸ್ ಬೇಕು. ಮೊದಲನೇದಕ್ಕೆ ಸ್ಥಳಾಂತರ ಸರಿ, ಎರಡನೇದಕ್ಕೆ ನನ್ನ ಓಟು ‘ಎತ್ತಂಗಡಿ’ಗೆ. ಪೇಪರಲ್ಲಿ ಈ ಪದ ಬರೋದು ಹೆಚ್ಚಾಗಿ ಆಫೀಸರ್‌ಗಳ ವರ್ಗಾವಣೆಗೆ, ಆದ್ರೆ ಬಿಡಿಸಿ ನೋಡಿ, ಎತ್ತು, ಅಂಗಡಿ. ಅಂಗಡಿ ಅಂದ್ರೆ ಶಟರ್ ಇರೋ ಕಟ್ಟಡಾನೇ ಆಗ್ಬೇಕು ಅಂತೇನಿಲ್ಲ, ಹಳೆ ತಮಿಳಲ್ಲಿ ಹಗಲು ಪೇಟೆಗೆ ನಾಳಂಗಾಡಿ, ಇರುಳು ಪೇಟೆಗೆ ಅಲ್ಲಂಗಾಡಿ ಅಂತಿದ್ರು. ಮೊನ್ನೆ ನಮ್ಮ ರೋಡಿಗೆ ಮಾಲು ಎತ್ಕೊಂಡೋಗೋ ಗಾಡಿ ಬಂದಾಗ ನಾನೇ ಇದ್ದೆ, ಮೊದ್ಲು ಎತ್ಕೊಂಡಿದ್ದು ಟೊಮೆಟೊ ಅಲ್ಲ, ತಕ್ಕಡಿ. ತಕ್ಕಡಿ ಹೋದ್ರೆ ಅಂಗಡಿ ಎತ್ತಿದಂಗೇ. ಎತ್ಕೊಂಡ ಮಾಲಿಗೆ ಪಟ್ಟಿ ಬರ್ದು ಕೊಡ್ಬೇಕು, ಕೊಳೆಯೋ ಮಾಲನ್ನ ಶುಲ್ಕ ಕಟ್ಟಿ ಕೇಳಿದ ದಿನಾನೇ, ಉಳಿದಿದ್ದನ್ನ ಎರಡು ಕೆಲಸದ ದಿನದೊಳಗೆ ವಾಪಸ್ ಕೊಡ್ಬೇಕು ಅಂತ 19ನೇ ಕಲಮಲ್ಲಿದೆ. ಅವತ್ತು ಯಾರಿಗೂ ಪಟ್ಟಿ ಸಿಗ್ಲಿಲ್ಲ. ಸಿಗ್ಬೇಕು ಅಂತ ಅಲ್ಲಿದ್ದೋರಿಗೆ ಗೊತ್ತೂ ಇರ್ಲಿಲ್ಲ.

ಕೊನೇದು, ‘ಸ್ಕ್ವಾಟರ್’. ಬೀದಿ ವ್ಯಾಪಾರಿ ಅಂದ್ರೆ ಯಾರು ಅನ್ನೋ ವ್ಯಾಖ್ಯೆಯಲ್ಲಿ ಹಾಕರ್, ಪೆಡ್ಲರ್ ಜೊತೆ ಇದೂ ಇದೆ. ನಿಘಂಟು ನೋಡಿ ‘ಅಕ್ರಮವಾಗಿ ನೆಲೆಸಿದವ’ ಅಂತ ಹಾಕ್ಬಿಟ್ರೆ ಗ್ರಹಚಾರ, ಕಾಯ್ದೆನೇ ಇವರನ್ನ ಅಕ್ರಮ ಅಂದಂಗಾಗುತ್ತೆ. ಇಲ್ಲಿ ಅದು ಬರೀ ನೆಲದ ಮೇಲೆ ಕೂತು ಮಾರೋರು ಅಂತ. ಖುಷಿ ಏನಂದ್ರೆ ಅದೇ ವ್ಯಾಖ್ಯೆ ಕೊನೇಲಿ, ಆಯಾ ಊರಿನ, ಪ್ರದೇಶದ ಸಮಾನ ಪದಗಳೂ ಇದರಲ್ಲೇ ಸೇರ್ತವೆ ಅಂತ ಬಾಗ್ಲು ತೆಗೆದಿಟ್ಟಿದೆ. ನನ್ನ ಪಟ್ಟೀಲಿ ಸದ್ಯಕ್ಕೆ ತಳ್ಳೋಗಾಡಿ, ಪೆಟ್ಟಿಗೆ ಅಂಗಡಿ, ಗೂಡಂಗಡಿ, ಡಬ್ಬಾ ಅಂಗಡಿ, ಬುಟ್ಟಿ ವ್ಯಾಪಾರ ಇವೆ. ಗೋಣಿಚೀಲ ಹಾಸಿ ನೆಲದಲ್ಲಿ ಕೂತು ಮಾರೋರಿಗೆ ಒಂದೇ ಪದ ನಮ್ಮ ಕಡೆ ಸಿಕ್ತಿಲ್ಲ. ಧಾರವಾಡ, ಕಲಬುರಗಿ, ಮಂಗಳೂರು ಕಡೆಯೋರು ಇದ್ರೆ ಹೇಳಿ, ನಿಮ್ಮಲ್ಲಿ ಏನಂತಾರೆ? ಗುರುವಾರ ಪ್ರೆಸ್ಸಿಗೆ ಕೊಡ್ಬೇಕು.